ಕಾಶಿಬಾಯಿಗೆ ಕೊಡದ ರಾತ್ರಿ ಪಾಳಿ

ಸಂಭಾಜಿನಗರದ ದೊಡ್ಡ ಕಚೇರಿಯ ಮೆಟ್ಟಿಲ ಮೇಲೆ ಕೂತು ಕಾಶಿಬಾಯಿ ಹಲ್ಲು ಕಡಿಯುತ್ತಿದ್ದಳು. ಅವಳು ನಾಸಿಕ್‌ನ ಸಾತಪುರದಲ್ಲಿ ಸರ್ಕಾರಿ ನೀರು ಸರಬರಾಜು ಖಾತೆಯ ಪಂಪ್‌ಹೌಸಿನ ಸಹಾಯಕಿ. ಅಲ್ಲಿ ಮೇಲ್ವಿಚಾರಕರ ಜಾಗ ಖಾಲಿಯಾಗಿತ್ತು. ಸಂದರ್ಶನಕ್ಕೆಂದು ನಸುಕಿನ ಬಸ್ಸು ಹಿಡಿದು ಬಂದಿದ್ದಳು. ಜೊತೆಗೆ ಬಂದವನು ಅದೇ ಪಂಪ್‌ಹೌಸಿನ ಸಂಗಮನಾಥ. ಅವಳು ನೌಕರಿಗೆ ಸೇರಿದಾಗ ಇವನಿನ್ನೂ ಚಡ್ಡಿ ಹಾಕಿಕೊಂಡು ಶಾಲೆಗೆ ಹೋಗುತ್ತಿದ್ದ. ಸಾಹೇಬರು ಇಬ್ಬರನ್ನೂ ಎದುರಿಗೆ ಕೂಡಿಸಿಕೊಂಡು ಜಾಗ ಅವನಿಗೆಂದು ಹೇಳಿಬಿಟ್ಟಿದ್ದರು.

"ಅಕ್ಕಾ, ಚಾ ಕುಡೀತೀರೇನು?"

"ನಿನ್ನ ಪೇಢೆ ಜೋಡಿ ಕುಡೀತೀನಿ ತಡಿ."

"ಹಂಗ್ಯಾಕ ಅಂತೀರಿ? ನನ್ನ ಕೈಯಾಗ ಏನದ?"

"ಕೈಯಾಗ ಇಲ್ಲ, ಬಾಯಾಗ ಅದ. ನಾ ರಾತ್ರಿ ಪಾಳಿ ಕೇಳಿದ್ದು ಗೊತ್ತಿದ್ದೂ ಒಳಗ ಗ್ವಾಡಿ ನೋಡಕೋತ ಕೂತಿದ್ದಿ."

ರಾತ್ರಿ ಪಾಳಿ ಮಾಡಿದವರಿಗೇ ಬಡ್ತಿ ಎಂಬುದು ನಿಯಮ. ಆ ಪಂಪ್‌ಹೌಸಿನಲ್ಲಿ ಹೆಂಗಸರಿಗೆ ರಾತ್ರಿ ಪಾಳಿ ಕೊಟ್ಟದ್ದೇ ಇಲ್ಲ. ಕಾಶಿಬಾಯಿ ಎಷ್ಟೋ ಸಲ ಕೇಳಿದ್ದಳು. ಒಮ್ಮೆ ಗಂಡ ಮನ್ಮಥಪ್ಪನನ್ನೂ ಕರೆದೊಯ್ದಿದ್ದಳು. "ನಾನೇ ಬಿಟ್ಟು ನಾನೇ ಕರಕೊಂಡು ಹೋಗ್ತೀನ್ರಿ" ಎಂದು ಅವನು ಕೈಮುಗಿದಿದ್ದ. ಪಾಳಿ ಹಾಕುವವರು ನಕ್ಕು, ಚಾ ಕುಡಿಸಿ, "ಮನೀ ಹೆಣ್ಮಗಳಿಗಿ ರಾತ್ರಿ ತ್ರಾಸ ಕೊಡಾದೇನ್ರಿ?" ಎಂದು ಕಳಿಸಿದ್ದರು. ಆಗ ಮರ್ಯಾದೆ ಎಂದು ಕೊಟ್ಟದ್ದು ಈಗ ಅವಳ ಕೊರತೆಯಾಗಿತ್ತು.

ಕಚೇರಿಯ ಗುಮಾಸ್ತೆ ಸಾವಿತ್ರಿಬಾಯಿ ಬಂದು, ಸಾಹೇಬರು ಕರೆಯುತ್ತಿದ್ದಾರೆ ಎಂದಳು. ಕಾಶಿಬಾಯಿ ದಡಬಡಿಸಿ ಎದ್ದಳು. ಸಾಹೇಬರ ಮನಸ್ಸು ಬದಲಾಯಿತೇನೋ!

ಸಾಹೇಬ ವಿಶ್ವನಾಥಪ್ಪ ಭಾಲ್ಕಿ ಕಡೆಯವನು. ಅವನ ಮೇಜಿನ ಮೇಲೆ ಒಂದು ತಟ್ಟೆ: ಅಕ್ಕಿ, ತೆಂಗಿನಕಾಯಿ, ಅರಿಶಿನ ಕುಂಕುಮ, ಒಂದು ಖಣ.

"ಬರ್ರಿ ತಂಗಿ. ಬ್ಯಾಸರಾ ಮಾಡ್ಕೋಬ್ಯಾಡ್ರಿ. ಈ ಖಾತೆ ನಿಮ್ಮ ತವರುಮನಿ ಇದ್ದಂಗ. ಬರಿಗೈಲೆ ಹ್ಯಾಂಗ ಕಳಸಾದು? ಉಡಿ ತುಂಬಿ ಕಳಸ್ತೀವಿ."

ರೂಢಿಯಿಂದ ಕಾಶಿಬಾಯಿಯ ಕೈ ಸೆರಗೊಡ್ಡಲು ಮೇಲೆದ್ದಿತು. ಹುಟ್ಟಿದಾಗಿನಿಂದ ಅವಳು ಉಡಿ ಒಲ್ಲೆ ಅಂದವಳಲ್ಲ. ಕೈ ಅರ್ಧಕ್ಕೇ ನಿಂತಿತು. ಅಪ್ಪ ತೀರಿದ ಮೇಲೆ ಅಣ್ಣಂದಿರು ಹೊಲ ತಮ್ಮತಮ್ಮೊಳಗೆ ಹಂಚಿಕೊಂಡು, ಹೀಗೇ ಉಡಿ ತುಂಬಿ ಅವಳನ್ನು ಬಸ್ಸು ಹತ್ತಿಸಿದ್ದರು. ಅವತ್ತು ದಾರಿಯುದ್ದಕ್ಕೂ ಅತ್ತಿದ್ದಳು. ಇವತ್ತು ಅಳು ಬರಲಿಲ್ಲ. ಸೆರಗನ್ನು ಬಿಗಿಯಾಗಿ ನಡುವಿಗೆ ಸಿಕ್ಕಿಸಿದಳು.

"ಏ ಸಂಗಮನಾಥಾ, ಒಳಗ ಬಾ!"

ಅವನು ಬಾಗಿಲಲ್ಲಿ ಬಂದು ನಿಂತ.

"ಸಾಹೇಬ್ರೆ, ಸೆರಗಿನ ಬದಲಿ ಇವನ ಟಾವೆಲ್ ಹಿಡಸ್ರಿ. ಇವನ ಉಡಿ ತುಂಬಿ ಮನೀಗಿ ಕಳಸ್ರಿ. ಜಾಗ ನನಗ ಕೊಡ್ರಿ."

ಸಾವಿತ್ರಿಬಾಯಿ ನಗು ತಡೆಯಲು ಬಾಯಿಗೆ ಸೆರಗು ಹಿಡಿದಳು.

"ಏನ್ ಮಾತ್ರೀ ಇದು! ಉಡಿ ಒಲ್ಲೆ ಅನಬಾರ್ದು, ಅಪಶಕುನ," ಅಂದ ವಿಶ್ವನಾಥಪ್ಪ.

"ನನಗ ಆಗಾದು ಆಗಿ ಹೋಗ್ಯಾದ. ರಾತ್ರಿ ಪಾಳಿ ಕೊಡ್ಲಿಲ್ಲ ನೀವು. ಮಾಡಿಲ್ಲ ಅನ್ನವ್ರೂ ನೀವೇ!"

"ನೀವು ಕೇಳಿದ್ದು ನಮಗ್ಯಾಂಗ ಗೊತ್ತಾಗ್ಬೇಕು?"

ಕಾಶಿಬಾಯಿ ಸಂಗಮನಾಥನತ್ತ ತಿರುಗಿದಳು. ಅವನು ಬೆವರು ಒರೆಸಿಕೊಂಡ.

"ಕೇಳ್ಯಾರ್ರಿ," ಅಂದ ಕೊನೆಗೆ. "ನನ್ನ ಎದುರಿಗೇ ಕೇಳ್ಯಾರ. ಎಲ್ಲಾರೂ ನಕ್ಕಿದ್ದೆವು."

"ನೀ ಸುಮ್ನಿರೋ! ನಿನ್ನ ಜಾಗ ಹೋದೀತು," ಎಂದು ಸಾಹೇಬ ಗದರಿದ.

ಸಂಗಮನಾಥ ತಲೆ ತಗ್ಗಿಸಿದ. ಆದರೆ ಹೇಳಿದ ಮಾತು ವಾಪಸು ತೆಗೆದುಕೊಳ್ಳಲಿಲ್ಲ.

ಕಾಶಿಬಾಯಿ ಕುರ್ಚಿ ಎಳೆದುಕೊಂಡು ಸಾಹೇಬರ ಎದುರಿಗೇ ಕೂತಳು. ಸಾವಿತ್ರಿಬಾಯಿ ಯಾರ ಮುಖವನ್ನೂ ನೋಡದೆ ತಟ್ಟೆ ಎತ್ತಿ ಬದಿಗಿಟ್ಟು, ಮೇಜು ಖಾಲಿ ಮಾಡಿದಳು.

"ಬರೀರಿ ಸಾಹೇಬ್ರೆ. ಹೆಣ್ಮಕ್ಕಳಿಗಿ ರಾತ್ರಿ ಪಾಳಿ ಕೊಟ್ಟಿಲ್ಲ, ಅದಕ್ಕೇ ಬಡ್ತೀನೂ ಕೊಡಂಗಿಲ್ಲ ಅಂತ ಬರದು ಸಹಿ ಹಾಕ್ರಿ. ಅದನ್ನ ಹಿಡಕೊಂಡು ಕೋರ್ಟಿಗಿ ಹೋಗ್ತೀನಿ. ಸಹಿ ಆಗೂತನಕ ಇಲ್ಲಿಂದ ಏಳಂಗಿಲ್ಲ."

ವಿಶ್ವನಾಥಪ್ಪ ಪೆನ್ನಿನ ಟೊಪ್ಪಿಗೆ ತೆಗೆದ. ಮತ್ತೆ ಹಾಕಿದ. ಕಾಶಿಬಾಯಿ ಕುರ್ಚಿಯನ್ನು ಇನ್ನಷ್ಟು ಮುಂದೆ ಎಳೆದಳು.