ಬಿಚ್ಚದ ಸಂಚಿಕೆ

ನನ್ನ ಗಂಡ ಡ್ವೈಟ್ ಹಳೆಯ ಬೆತ್ತಲೆ ಚಿತ್ರಗಳ ಪತ್ರಿಕೆಗಳನ್ನು ಕೂಡಿಡುತ್ತಾನೆ. ಟೊಲೆಡೊದ ನಮ್ಮ ಮನೆಯ ನೆಲಮಾಳಿಗೆ ತುಂಬ ಅವೇ. ಹತ್ತಿಯ ಕೈಗವಸಿಲ್ಲದೆ ಅವನ್ನು ಮುಟ್ಟುವುದಿಲ್ಲ, ಹಾಳಾದವನು. ನನ್ನನ್ನು ಯಾವತ್ತೂ ಅಷ್ಟು ಜೋಪಾನವಾಗಿ ಮುಟ್ಟಿದವನಲ್ಲ. ಅದರಲ್ಲೂ ಸಾವಿರದ ಒಂಬೈನೂರ ಅರವತ್ತೆರಡರ ಒಂದು ಸಂಚಿಕೆಯೆಂದರೆ ಜೀವ. ಯಾರೂ ಪುಟ ತೆರೆಯದ ಪ್ರತಿ ಸಿಕ್ಕಿತೆಂದು ಒಂದು ಬೇಸಿಗೆಯಲ್ಲಿ ತಂದು, ಅವತ್ತೇ ಪ್ಲಾಸ್ಟಿಕ್ಕಿನಲ್ಲಿ ಬೆಸೆದಿಟ್ಟಿದ್ದ. ತೆರೆದ ಪ್ರತಿಗೆ ಹೀಗೆ ಕೂಡಿಡುವ ಜನರಲ್ಲಿ ಮರ್ಯಾದೆಯಿಲ್ಲ.

ಕೊರಿನ್ ಎಂಬ ಹೆಂಗಸು ಅದನ್ನೇ ಹುಡುಕಿಕೊಂಡು ಬಂದಳು. ಅರವತ್ತು ದಾಟಿದವಳು. ಆ ಸಂಚಿಕೆಯ ನಡುಪುಟದಲ್ಲಿರುವುದು ಅವಳ ತಾಯಿಯಂತೆ. ಕೊರಿನ್ ಎಳೆಗೂಸಾಗಿದ್ದಾಗಲೇ ತಾಯಿ ಸತ್ತಳು. ಮಾನ ಹೋಯಿತೆಂದು ಅಜ್ಜಿ ಸತ್ತವಳ ಒಂದೊಂದು ಫೋಟೋವನ್ನೂ ಒಲೆಗೆ ಹಾಕಿದಳು. ಕೊರಿನ್‌ಗೆ ಸಿಕ್ಕ ಬೇರೆ ಪ್ರತಿಗಳಲ್ಲೆಲ್ಲ ನಡುಪುಟವೇ ಇರಲಿಲ್ಲ. ಗಂಡಸರು ಕಿತ್ತು ಗೋಡೆಗೆ ಅಂಟಿಸಿಕೊಂಡಿದ್ದರು.

ಡ್ವೈಟ್ ಕಾಫಿ ಕೊಟ್ಟ, ಪ್ಲಾಸ್ಟಿಕ್ಕಿನ ಮೇಲಿಂದ ರಕ್ಷಾಪುಟ ತೋರಿಸಿದ. ಅದರಲ್ಲಿದ್ದವಳು ಬೇರೆ ಯಾರೋ. ಬಿಚ್ಚಲು ಮಾತ್ರ ಒಪ್ಪಲಿಲ್ಲ.

"ಬಿಚ್ಚಿದ್ರೆ ಇದು ಸತ್ತಂಗೇ ಕಣಮ್ಮ."

"ನಮ್ಮಮ್ಮ ಆಗ್ಲೇ ಸತ್ತಿದಾಳೆ," ಎಂದಳು ಕೊರಿನ್. "ನಂಗೆ ಅವಳ ಮುಖ ಒಂದು ನೋಡ್ಬೇಕು. ನನ್ ಥರ ಇದ್ಳಾ ಅಂತ."

ಅಡುಗೆಮನೆಯ ಕತ್ತರಿ ತಂದು ನಾನೇ ಆ ಪ್ಲಾಸ್ಟಿಕ್ಕು ಕತ್ತರಿಸಿದೆ. ಡ್ವೈಟ್ ಕೂಗಾಡಿದ, ಕೂಗಾಡಲಿ ಎಂದುಕೊಂಡೆ.

ಒಳಗಿನಿಂದ ಮುಗ್ಗಲು ವಾಸನೆ ಬಂತು. ಆ ಬೇಸಿಗೆಯ ಸೆಕೆಯಲ್ಲಿ, ಕಾಗದದ ತೇವ ಆರುವ ಮೊದಲೇ ಬೆಸೆದಿದ್ದ ಪುಣ್ಯಾತ್ಮ. ತೇವ ಒಳಗೇ ಉಳಿದು, ನುಣುಪು ಕಾಗದ ಒಂದಕ್ಕೊಂದು ಅಂಟಿ ಹಲಗೆಯಂತಾಗಿತ್ತು. ಪ್ರತಿ ಭಾನುವಾರ ಅವನು ಹೊರಗಿನ ಧೂಳು ಒರೆಸುತ್ತಿದ್ದ.

ಕೊರಿನ್ ಉಗುರಿನಿಂದ ಮೆಲ್ಲಗೆ ಎಬ್ಬಿಸಿದಳು. ನಡುಪುಟ ಬಂತು. ಒಂದು ಭುಜ, ಸೊಂಟದ ಮೇಲಿಟ್ಟ ಒಂದು ಕೈ. ಮುಖವಿದ್ದ ಕಡೆ ಬಣ್ಣವೆಲ್ಲ ಸುಲಿದು ಬಿಳಿ ಕಾಗದ. ಎದುರು ಪುಟದಲ್ಲಿ ಸಿಗರೇಟಿನ ಜಾಹೀರಾತಿನ ಮೇಲೆ ಆ ಮುಖದ ಒಂದಿಷ್ಟು ಚೂರುಗಳು ಮೆತ್ತಿಕೊಂಡಿದ್ದವು. ಅವಳು ತನ್ನ ಕೈಯನ್ನು ಆ ಕೈಯ ಪಕ್ಕ ಇಟ್ಟು ಬಹಳ ಹೊತ್ತು ನೋಡಿದಳು. ನನಗೆ ಅಳು ತಡೆಯಲಾಗಲಿಲ್ಲ.

ಆಮೇಲೆ ಡ್ವೈಟ್‌ನ ಕಡೆ ತಿರುಗಿದಳು.

"ನೀವು ಒಂದೇ ಒಂದ್ಸಲ ತೆಗೆದು ನೋಡಿದ್ದಿದ್ರೆ, ಹೇಗಿದ್ಳು ಅಂತ ಬಾಯಲ್ಲಾದ್ರೂ ಹೇಳ್ಬಹುದಿತ್ತು."

ಡ್ವೈಟ್ ಕೈಗವಸು ಹಾಕಿಕೊಂಡೇ ಕೂತಿದ್ದ.