ನಲವತ್ತು ನಿಮಿಷದ ಬಾಗಿಲು

ಬ್ಯಾಂಕುಗಳಿಗೆ ಭದ್ರಕೋಣೆ ಕಟ್ಟಿಕೊಡುವ ಎಂಜಿನಿಯರು ಔಷಧಿ ಅಂಗಡಿಗೆ ಹೋಗಿ ಹತ್ತೇ ನಿಮಿಷದಲ್ಲಿ ಮರಳಿದಾಗ, ಮನೆಯ ಬಾಗಿಲಿಗೆ ಒಳಗಿನಿಂದ ಅಗುಳಿ ಬಿದ್ದಿತ್ತು. ಸಂದಿಯಿಂದ ಹಾಲು ಸೀದ ವಾಸನೆ ಬರುತ್ತಿತ್ತು. ಒಳಗಿದ್ದವಳು ಅವನನ್ನು ಸಾಕಿ ಬೆಳೆಸಿದ ಅಕ್ಕ. ಎರಡು ವರ್ಷದಿಂದ ಅವಳಿಗೆ ಮರೆವಿನ ಕಾಯಿಲೆ.

"ಅಕ್ಕಾ, ನಾನು! ಸ್ಟವ್ ಆರಿಸಿ ಬಾಗಿಲು ತೆಗಿ."

"ನನ್ನ ತಮ್ಮನ ದನಿ ನಂಗೊತ್ತಿಲ್ವಾ? ಕಳ್ಳ ನೀನು!"

ಆ ಬಾಗಿಲು ಅವನದೇ ಕೈಕೆಲಸ. ಒಳಗಿನ ಅಗುಳಿಗೆ ಹೊರಗಿನಿಂದ ಒಂದು ಕೀಲಿಕಂಡಿ ಇಡು ಎಂದು ಜೊತೆಗಾರರು ಬಡಕೊಂಡಿದ್ದರು. ಮಹಾ ಬುದ್ಧಿವಂತ, ಕೇಳಿರಲಿಲ್ಲ. ಕಿಟಕಿಗಳಿಗೂ ಉಕ್ಕಿನ ಸರಳು. ಯಾರೇ ಬಂದು ಒಡೆದರೂ ನಲವತ್ತು ನಿಮಿಷ ಬೇಕು; ಬೆಂಕಿ ಪರದೆಗೆ ತಗುಲಿದರೆ ನಾಲ್ಕು ನಿಮಿಷವೂ ಇಲ್ಲ. ಅವನು ಬಾಗಿಲಿಗೆ ಒದ್ದ.

ಒಳಗೆ ಅಕ್ಕ ನಕ್ಕಳು. "ಒದಿ, ಕಾಲು ಮುರ್ಕೋ. ಹಿಂದೆ ಮರದ ಬಾಗಿಲಿಗೆ ಕಬ್ಬಿಣದ ಪಟ್ಟಿ ಹೊಡೀತಿದ್ರು. ನಿಮ್ ಕಳ್ರು ಡ್ರಿಲ್ ತಂದ್ರು. ಬಾಗಿಲು ಮಾಡೋರು ಗಟ್ಟಿ ಉಕ್ಕು ಹಾಕಿದ್ರು. ನೀವು ಗ್ಯಾಸ್ ಕಟರ್ ತಂದ್ರಿ. ಆಮೇಲೆ ನಡುವೆ ತಾಮ್ರದ ತಗಡಿಟ್ರು, ಬಿಸಿಯೆಲ್ಲ ಹರಡಿಹೋಗುತ್ತೆ, ಉಕ್ಕು ಕರಗಲ್ಲ. ಎಲ್ಲಾ ನನ್ನ ತಮ್ಮ ಹೇಳಿದ್ದು."

ಅವನು ದಂಗಾದ. ಊಟದ ತಟ್ಟೆಯ ಪಕ್ಕ ನಕ್ಷೆ ಹರಡಿ ಇದನ್ನೆಲ್ಲ ಕೊರೆಯುತ್ತಿದ್ದಾಗ ಅಕ್ಕ ಬಡಿಸುತ್ತ "ಹೂಂ, ಹೂಂ" ಎನ್ನುತ್ತಿದ್ದಳು. ಕಿವಿಗೆ ಹಾಕಿಕೊಳ್ಳುತ್ತಿದ್ದಳೆಂದು ಅವನಿಗೆ ಒಂದು ದಿನವೂ ಅನ್ನಿಸಿರಲಿಲ್ಲ.

"ಇನ್ನೊಂದು ಹೇಳಿದಾನೆ," ಅಕ್ಕನ ದನಿ ಬಾಗಿಲಿನ ಹತ್ತಿರ ಬಂತು. "ಯಾವ ಬಾಗಿಲೂ ಕಳ್ಳನ್ನ ತಡೆಯಲ್ವಂತೆ, ತಡ ಮಾಡುತ್ತೆ ಅಷ್ಟೆ. ಅಷ್ಟರಲ್ಲಿ ನಮ್ಮೋರು ಯಾರಾದ್ರೂ ಬಂದುಬಿಡ್ಬೇಕು. ನನ್ನ ತಮ್ಮ ಬರ್ತಾನೆ, ನೋಡ್ತಿರು."

ಅವನಿಗೆ ತಡೆಯಲಾಗಲಿಲ್ಲ. ಐವತ್ತೆರಡು ವರ್ಷದ ಗಂಡಸು ಹೊಸ್ತಿಲಲ್ಲೇ ಕುಸಿದು ಕುಳಿತು ಬಿಕ್ಕಿಬಿಕ್ಕಿ ಅತ್ತ.

ಒಳಗೆ ಅಕ್ಕನ ಬಳೆ ಬಾಗಿಲಿಗೆ ತಾಗಿದ ಸದ್ದಾಯಿತು.

"ಯಾಕೋ ಅಳ್ತೀಯಾ? ಹೊಟ್ಟೆಗೇನೂ ತಿಂದಿಲ್ವಾ?"

"ಇಲ್ಲ," ಎಂದ. ಅದು ನಿಜವೂ ಆಗಿತ್ತು.

ಅಗುಳಿ ಸರಿಯಿತು. ಅವನು ಅವಳನ್ನು ದಾಟಿ ಓಡಿ, ಹೊಗೆಯ ನಡುವೆ ಸ್ಟವ್ ಆರಿಸಿದ. ಕರಕಲಾದ ಪಾತ್ರೆಯನ್ನು ನೀರಿಗೆ ಹಾಕಿ ತಿರುಗಿದರೆ, ಅಕ್ಕ ತಟ್ಟೆಗೆ ಅನ್ನ ಬಡಿಸುತ್ತಿದ್ದಳು.

"ಬೇಗ ಬೇಗ ತಿನ್ನು. ನನ್ನ ತಮ್ಮ ಬಂದ್ರೆ ನಿನ್ನ ಚರ್ಮ ಸುಲೀತಾನೆ."

ಅವನು ತಲೆ ಬಗ್ಗಿಸಿ ತುತ್ತು ಕಲಸಿದ. ಅಕ್ಕ ಬಾಗಿಲು ಹಾರುಹೊಡೆದು, ತಮ್ಮನೆಲ್ಲಿ ಬಂದುಬಿಡುತ್ತಾನೋ ಎಂದು ಬೀದಿ ನೋಡುತ್ತ ಕಳ್ಳನಿಗಾಗಿ ಕಾವಲು ನಿಂತಳು.