ಜುಂಜೇಶನ ಸರದಿ

ಆ ಆಟ ಈಗ ಎಲ್ಲೂ ಸಿಗುವುದಿಲ್ಲ. ಹುಳಿಯಾರಿನ ಗೆಳೆಯ ಜುಂಜೇಶ್ ಹಳೇ ಗೇಮ್ ಕನ್ಸೋಲೊಂದನ್ನು ಬಿಚ್ಚಿ, ಮಾರ್ಪಡಿಸಿ, ಅದರಲ್ಲಿ ಉಳಿಸಿದ್ದ. ಆಟದಲ್ಲಿ ಒಮ್ಮೆ ಸತ್ತರೆ ಎಲ್ಲ ಅಳಿಸಿಹೋಗಿ ಮೊದಲಿನಿಂದ ಶುರು. ಸತ್ತವನು ರಿಮೋಟನ್ನು ಪಕ್ಕದವನಿಗೆ ಕೊಡಬೇಕು, ಅದು ನಮ್ಮಿಬ್ಬರ ಕರಾರು.

ಹೋದ ವರ್ಷ ತಿಪಟೂರಿನ ನಮ್ಮ ಅಟ್ಟಕ್ಕೆ, ವರ್ಷ ಮುಟ್ಟದೆ ಬಿಟ್ಟು ಕೊಬ್ಬರಿಯಾಗಲೆಂದು, ತೆಂಗಿನಕಾಯಿ ತುಂಬಿಸಿಕೊಟ್ಟು, ಆಟವನ್ನು ಅರ್ಧಕ್ಕೆ ನಿಲ್ಲಿಸಿ, "ನನ್ ಆಟ ಮುಟ್ಟಬ್ಯಾಡ ಕಣ್ಲಾ, ನಾಳೆ ಬತ್ತೀನಿ" ಎಂದು ಬೈಕ್ ಹತ್ತಿದ. ದಾರಿಯಲ್ಲೇ ತೀರಿಕೊಂಡ.

ಇವತ್ತು ಆ ಕಾಯಿಗಳನ್ನು ಅಲ್ಲಾಡಿಸಿದರೆ ಒಳಗೆ ಕೊಬ್ಬರಿ ಗಡಗಡ ಎಂದಿತು. ಒಡೆದೆವು. ಇನ್ನು ಅವನ ಆಟವನ್ನೂ ಮುಟ್ಟಬಹುದು ಅನ್ನಿಸಿತು. ಸಂಜೆ ಅವನ ಆಟದ ಒಂದು ಪ್ರತಿ ತೆಗೆದಿಟ್ಟು, ಅವನು ಬಿಟ್ಟಲ್ಲಿಂದ ಆಡಿದೆ. ಮೊದಲ ಸಲ ಗೆದ್ದೆ. ಅವನು ಕೂರುತ್ತಿದ್ದ ಪಕ್ಕಕ್ಕೆ ತಿರುಗಿದೆ.

ಥೂ, ಇದೂ ಒಂದು ಗೆಲುವಾ?

ತೆಗೆದಿಟ್ಟ ಪ್ರತಿಯನ್ನೇ ವಾಪಸ್ ಹಾಕಿದೆ. ಪರದೆಯ ಮೇಲೆ ಅವನ ಆಳು ಮತ್ತೆ ಅರ್ಧ ದಾರಿಯಲ್ಲಿ, ಜೀವಂತವಾಗಿ ನಿಂತ.